ಜನಪ್ರಿಯ ಸಂಗೀತದಲ್ಲಿ ಶಿಶುನಾಳ ಶರೀಫರ ಪದಗಳು

ಹಾವೇರಿ ಜಿಲ್ಲೆಯ ಶಿಗ್ಗಾಂವಿ ತಾಲ್ಲೂಕಿನ ಶಿಶುನಾಳದ ಸಂತ ಶರೀಫರು (1819–1889) ರಚಿಸಿದ ತತ್ವಪದಗಳು ಇಪ್ಪತ್ತನೆಯ ಶತಮಾನದ ಕೊನೆಯ ದಶಕಗಳಲ್ಲಿ ಧ್ವನಿಸುರುಳಿ ಹಾಗೂ ಚಲನಚಿತ್ರದ ಮೂಲಕ ಸುಗಮ ಸಂಗೀತದ ಭಾಗವಾದವು. 2010ರ ನಂತರ ಅವು ಬ್ರಿಟನ್ನಿನ ಪಾಪ್ ಮತ್ತು ರಾಕ್ ಸಂಗೀತದ ವೇದಿಕೆಗಳನ್ನೂ ತಲುಪಿದವು. ಗ್ರಾಮದ ಭಜನಾ ಮೇಳ, ನಗರದ ಸಂಗೀತ ಸಭೆ ಮತ್ತು ವಿದೇಶದ ಬಯಲು ಉತ್ಸವ ಈ ಮೂರು ಕಡೆಗಳಲ್ಲಿಯೂ ಪದ ಬಹುಮಟ್ಟಿಗೆ ಒಂದೇ ಆಗಿದ್ದು, ಧಾಟಿ ಮಾತ್ರ ಬೇರೆ ಬೇರೆಯಾಗಿದೆ. ಈ ಕಾರಣದಿಂದ ಹಾಡಿನ ಕರ್ತೃ ಯಾರು, ಅದನ್ನು ಬದಲಿಸುವ ಅಧಿಕಾರ ಯಾರದು ಎಂಬ ಪ್ರಶ್ನೆಗಳು ಈ ಪದಗಳ ಜನಪ್ರಿಯತೆಯೊಂದಿಗೇ ಬೆಳೆದುಬಂದಿವೆ.

ಪದಕಾರ

ಶರೀಫರು ಹುಟ್ಟಿದ ಕಾಲಕ್ಕೆ ಧಾರವಾಡ ಸೀಮೆಯು ಬ್ರಿಟಿಷರ ಆಡಳಿತಕ್ಕೆ ಬಂದಿತ್ತು. ಶಿಶುನಾಳವನ್ನೊಳಗೊಂಡ ಈಗಿನ ಹಾವೇರಿ ಜಿಲ್ಲೆಯು ಧಾರವಾಡ ಜಿಲ್ಲೆಯಿಂದ ಬೇರ್ಪಟ್ಟು ರಚನೆಯಾದದ್ದು 1997ರಲ್ಲಿ. ಶರೀಫರ ತಂದೆ ಇಮಾಮ ಸಾಹೇಬರು, ತಾಯಿ ಹಜ್ಜೂಮಾ. ಕೆಲಕಾಲ ಶಾಲಾ ಶಿಕ್ಷಕರಾಗಿದ್ದ ಶರೀಫರು ಬಳಿಕ ಕಳಸದ ಗೋವಿಂದ ಭಟ್ಟರ ಶಿಷ್ಯರಾದರು. ಮುಸ್ಲಿಂ ಶಿಷ್ಯ ಮತ್ತು ಬ್ರಾಹ್ಮಣ ಗುರುವಿನ ಈ ಸಂಬಂಧವು ಎರಡೂ ಕಡೆಯ ಸಂಪ್ರದಾಯಸ್ಥರ ಅಸಮಾಧಾನಕ್ಕೆ ಗುರಿಯಾಯಿತೆಂದು ಅವರ ಚರಿತ್ರೆಗಳು ಹೇಳುತ್ತವೆ.

ಅವರ ಪದಗಳಲ್ಲಿ ಸೋರುವ ಮಾಳಿಗೆ, ತಂಬೂರಿ, ಕೋಳಿ, ಮುದುಕಿ, ಗುಡುಗುಡಿ ಮುಂತಾದ ದಿನಬಳಕೆಯ ಸಂಗತಿಗಳು ದೇಹ, ಮನಸ್ಸು ಮತ್ತು ಮೋಹಗಳ ರೂಪಕಗಳಾಗುತ್ತವೆ. ಬ್ರಿಟಿಷರ ಕಾಲದಲ್ಲಿ ಬಂದ ಹತ್ತಿಯ ಗಿರಣಿಯೂ ಅವರ ಒಂದು ಪದದ ವಸ್ತುವಾಗಿದೆ. ಭಾಷೆಯು ಧಾರವಾಡ ಸೀಮೆಯ ಆಡುಮಾತು. ಈ ಪದಗಳನ್ನು ಮೊದಲು ಉಳಿಸಿದವರು ಗ್ರಂಥಕಾರರಲ್ಲ, ಏಕತಾರಿ, ತಾಳ, ದಮ್ಮಡಿ, ಹಾರ್ಮೋನಿಯಂಗಳೊಡನೆ ರಾತ್ರಿಯಿಡೀ ಹಾಡುತ್ತಿದ್ದ ಭಜನಾ ಮೇಳದವರು. ಒಂದೇ ಪದಕ್ಕೆ ಹಲವು ಪಾಠಗಳೂ ಹಲವು ಧಾಟಿಗಳೂ ಇರುವುದು ಇದರ ಸಹಜ ಪರಿಣಾಮ.

ಅಂಕಿತ

ಶರೀಫರ ಪದಗಳು ಸಾಮಾನ್ಯವಾಗಿ ಶಿಶುನಾಳಧೀಶ ಎಂಬ ಅಂಕಿತದಿಂದ ಮುಗಿಯುತ್ತವೆ. ಇದು ಊರಿನ ಆರಾಧ್ಯದೈವವಾದ ಬಸವೇಶ್ವರನನ್ನು ಕುರಿತದ್ದು. ಹಾಡನ್ನು ಯಾರೇ ಹಾಡಲಿ, ಯಾವ ಧಾಟಿಯಲ್ಲೇ ಹಾಡಲಿ, ಕೊನೆಯ ನುಡಿಯನ್ನು ಕೈಬಿಡದಿದ್ದರೆ ಕರ್ತೃವಿನ ಗುರುತು ಅದರೊಳಗೇ ಉಳಿಯುತ್ತದೆ. ಹಾವೇರಿ ಪರಿಸರದಲ್ಲಿ ಈ ಪದ್ಧತಿಗೆ ದೀರ್ಘ ಇತಿಹಾಸವಿದೆ. ಬ್ಯಾಡಗಿ ತಾಲ್ಲೂಕಿನ ಕಾಗಿನೆಲೆಯ ಆದಿಕೇಶವನನ್ನು ಕನಕದಾಸರು ತಮ್ಮ ಅಂಕಿತವಾಗಿಸಿಕೊಂಡರು. ರಾಣೆಬೆನ್ನೂರು ತಾಲ್ಲೂಕಿನ ಚೌಡದಾನಪುರವು ಹನ್ನೆರಡನೆಯ ಶತಮಾನದ ಶರಣ ಅಂಬಿಗರ ಚೌಡಯ್ಯನ ಸ್ಥಳವೆಂಬ ನಂಬಿಕೆಯಿದೆ. ಅಲ್ಲಿಯ ಮುಕ್ತೇಶ್ವರ ದೇವಾಲಯದ ಶಾಸನಗಳು ಸಮೀಪದ ಗುತ್ತಲದಿಂದ ಆಳಿದ ಗುತ್ತ ಅರಸರನ್ನು ಸ್ಮರಿಸುತ್ತವೆ. ಬಹುತೇಕ ವಚನಕಾರರು ಇಷ್ಟದೈವದ ಹೆಸರನ್ನು ಅಂಕಿತವಾಗಿಸಿಕೊಂಡರೆ, ಚೌಡಯ್ಯನು ನೇರವಾಗಿ ತನ್ನ ಹೆಸರನ್ನೇ ಬಳಸಿದ್ದಾನೆ. ಆಧುನಿಕ ಅರ್ಥದ ಗೀತರಚನಕಾರನ ಸಹಿಗೆ ಇದು ಅತ್ಯಂತ ಹತ್ತಿರದ ಪ್ರಾಚೀನ ನಿದರ್ಶನವೆನ್ನಬಹುದು.

ಧ್ವನಿಸುರುಳಿ ಮತ್ತು ಚಲನಚಿತ್ರ

ಭಜನಾ ಮೇಳಗಳ ವಲಯದಿಂದ ಶರೀಫರ ಪದಗಳನ್ನು ನಾಡಿನಾದ್ಯಂತ ಹರಡಿದವರಲ್ಲಿ ಸಂಗೀತ ನಿರ್ದೇಶಕ ಸಿ. ಅಶ್ವಥ್ (1939–2009) ಪ್ರಮುಖರು. ಪದಗಳ ಆಯ್ಕೆ ಮತ್ತು ಸಂಪಾದನೆಯಲ್ಲಿ ಕವಿ ಎನ್.ಎಸ್. ಲಕ್ಷ್ಮೀನಾರಾಯಣ ಭಟ್ಟರ ಪಾತ್ರವಿತ್ತು. ಶಿವಮೊಗ್ಗ ಸುಬ್ಬಣ್ಣ ಮೊದಲಾದ ಗಾಯಕರ ಕಂಠದಲ್ಲಿ ಅವು ಧ್ವನಿಸುರುಳಿಗಳಾಗಿ ಮನೆಮನೆಗೆ ತಲುಪಿದವು. 1990ರಲ್ಲಿ ಟಿ.ಎಸ್. ನಾಗಾಭರಣರ ನಿರ್ದೇಶನದಲ್ಲಿ ‘ಸಂತ ಶಿಶುನಾಳ ಶರೀಫ’ ಚಲನಚಿತ್ರ ತೆರೆಕಂಡಿತು. ಶರೀಫರ ಪಾತ್ರವನ್ನು ಶ್ರೀಧರ್, ಗೋವಿಂದ ಭಟ್ಟರ ಪಾತ್ರವನ್ನು ಗಿರೀಶ ಕಾರ್ನಾಡರು ನಿರ್ವಹಿಸಿದರು. ಅಶ್ವಥ್ ಅವರ ಸಂಗೀತವಿದ್ದ ಈ ಚಿತ್ರವು ರಾಷ್ಟ್ರೀಯ ಭಾವೈಕ್ಯಕ್ಕಾಗಿ ನೀಡುವ ನರ್ಗಿಸ್ ದತ್ ಪ್ರಶಸ್ತಿಯನ್ನು ಪಡೆಯಿತು.

ಈ ಯಶಸ್ಸಿನ ಒಂದು ಫಲವೆಂದರೆ, ನಗರದ ಕೇಳುಗರಲ್ಲಿ ಅನೇಕರು ಅಶ್ವಥ್ ಅವರ ಧಾಟಿಯನ್ನೇ ಮೂಲ ಧಾಟಿಯೆಂದು ಭಾವಿಸತೊಡಗಿದರು. ಶರೀಫರು ಹಾಡಿದ ಧಾಟಿಯು ಯಾವ ಮುದ್ರಣದಲ್ಲಿಯೂ ಉಳಿದಿಲ್ಲ. ಅವರು ತೀರಿಕೊಂಡದ್ದು ಭಾರತದಲ್ಲಿ ಗ್ರಾಮಫೋನ್ ಮುದ್ರಣ ಆರಂಭವಾಗುವ ಮೊದಲೇ. ಆದ್ದರಿಂದ ಮೂಲಧಾಟಿಯೆಂಬ ಮಾತನ್ನು ಎಚ್ಚರದಿಂದ ಬಳಸಬೇಕಾಗುತ್ತದೆ.

ಬ್ರಿಟನ್ನಿನ ವೇದಿಕೆಯಲ್ಲಿ

ಮೈಸೂರಿನಲ್ಲಿ ಬೆಳೆದ ಗಾಯಕ ರಘು ದೀಕ್ಷಿತ್ ಅವರ ‘ದಿ ರಘು ದೀಕ್ಷಿತ್ ಪ್ರಾಜೆಕ್ಟ್’ ತಂಡದ ಮೊದಲ ಆಲ್ಬಂ 2008ರಲ್ಲಿ ಹೊರಬಂದಿತು. ಹಿಂದಿ ಮತ್ತು ಇಂಗ್ಲಿಷ್ ಹಾಡುಗಳ ನಡುವೆ ಶರೀಫರ ‘ಗುಡುಗುಡಿಯ ಸೇದಿ ನೋಡೋ’ ಹಾಗೂ ‘ಸೋರುತಿಹುದು’ ಪದಗಳು ಅದರಲ್ಲಿ ಸೇರಿದ್ದವು. ಗಿಟಾರ್, ಬಾಸ್, ಡ್ರಮ್, ವಯೊಲಿನ್‌ಗಳ ಈ ಸಂಯೋಜನೆಯು ಸುಗಮ ಸಂಗೀತಕ್ಕಿಂತ ರಾಕ್ ಶೈಲಿಗೆ ಹತ್ತಿರವಾಗಿದೆ. 2010ರಲ್ಲಿ ತಂಡವು ಬಿಬಿಸಿ ವಾಹಿನಿಯ ‘ಲೇಟರ್ ವಿತ್ ಜೂಲ್ಸ್ ಹಾಲೆಂಡ್’ ಕಾರ್ಯಕ್ರಮದಲ್ಲಿ ಕಾಣಿಸಿಕೊಂಡಿತು. ಬ್ರಿಟಿಷ್ ಪಾಪ್ ಮತ್ತು ರಾಕ್ ಕಲಾವಿದರು ಮುದ್ರಿತ ಧ್ವನಿಯ ನೆರವಿಲ್ಲದೆ ನೇರವಾಗಿ ಹಾಡುವ ವೇದಿಕೆಯೆಂದು ಅದಕ್ಕೆ ಹೆಸರಿದೆ. 2011ರಲ್ಲಿ ತಂಡವು ಗ್ಲಾಸ್ಟನ್‌ಬರಿ ಉತ್ಸವದಲ್ಲಿ ಹಾಡಿತಲ್ಲದೆ, ಅದೇ ವರ್ಷ ‘ಸಾಂಗ್‌ಲೈನ್ಸ್’ ಪತ್ರಿಕೆಯ ಅತ್ಯುತ್ತಮ ನವಾಗತ ಪ್ರಶಸ್ತಿಯನ್ನು ಪಡೆಯಿತು. 2013ರ ‘ಜಗ್ ಚಂಗಾ’ ಆಲ್ಬಂನಲ್ಲಿ ಶರೀಫರ ‘ಲೋಕದ ಕಾಳಜಿ’ ಇದೆ.

ಬಣ್ಣದ ಲುಂಗಿ ಮತ್ತು ಕಾಲಿನ ಗೆಜ್ಜೆ ರಘು ದೀಕ್ಷಿತ್ ಅವರ ವೇಷದ ಗುರುತುಗಳು. ಕನ್ನಡ ಬಾರದ ಸಭಿಕರಿಗೆ ಹಾಡಿನ ಮೊದಲು ಇಂಗ್ಲಿಷಿನಲ್ಲಿ ಅರ್ಥ ವಿವರಿಸುವುದು ಅವರ ರೂಢಿ. ಈ ವಿವರಣೆ ಅನಗತ್ಯವಾದ ಅಲಂಕಾರವಲ್ಲ. ಗುಡುಗುಡಿಯ ಪದವನ್ನು ಬರಿಯ ಮತ್ತಿನ ಹಾಡೆಂದು ತಿಳಿಯುವ ಅಪಾಯವಿದೆ. ಅಲ್ಲಿ ಮನಸ್ಸೇ ಸಂಚಿ, ಮೋಹವೇ ಭಂಗಿ. ಸುಟ್ಟು ಹೊಗೆಯಾಗಬೇಕಾದದ್ದು ಮೋಹ. ಕನ್ನಡ ಬಲ್ಲ ಕೇಳುಗರೂ ಲಯದ ಭರದಲ್ಲಿ ಇದನ್ನು ಮರೆಯುವುದುಂಟು.

ಬ್ರಿಟಿಷ್ ಪಾಪ್‌ನಲ್ಲಿ ಕರ್ತೃತ್ವ

ಬ್ರಿಟಿಷ್ ಪಾಪ್ ಸಂಗೀತದಲ್ಲಿ ಗೀತರಚನಕಾರನ ಹೆಸರು ಹಾಡಿನೊಳಗೆ ಬರುವುದಿಲ್ಲ. ಅದು ಧ್ವನಿಮುದ್ರಿಕೆಯ ಚೀಟಿಯ ಮೇಲೆ ಅಚ್ಚಾಗುತ್ತದೆ, ಮತ್ತು ಗೌರವಧನವು ಆ ಹೆಸರನ್ನು ಅನುಸರಿಸುತ್ತದೆ. ಬೀಟಲ್ಸ್ ತಂಡದ ಜಾನ್ ಲೆನನ್ ಮತ್ತು ಪಾಲ್ ಮೆಕಾರ್ಟ್ನಿ ತಮ್ಮಲ್ಲಿ ಯಾರೇ ಬರೆದರೂ ಇಬ್ಬರ ಹೆಸರನ್ನೂ ಹಾಕುವ ಒಪ್ಪಂದಕ್ಕೆ ಬಂದಿದ್ದರು. ಮೆಕಾರ್ಟ್ನಿ ಒಬ್ಬರೇ ಬರೆದ ‘ಯೆಸ್ಟರ್‌ಡೇ’ (1965) ಕೂಡ ಇಬ್ಬರ ಹೆಸರಿನಲ್ಲಿದೆ. ಅವರ ಹಾಡುಗಳ ಪ್ರಕಾಶನಕ್ಕಾಗಿ 1963ರಲ್ಲಿ ಸ್ಥಾಪನೆಯಾದ ನಾರ್ದರ್ನ್ ಸಾಂಗ್ಸ್ ಸಂಸ್ಥೆಯು 1969ರಲ್ಲಿ ಎಟಿವಿ ಸಂಸ್ಥೆಯ ವಶವಾಯಿತು. 1985ರಲ್ಲಿ ಅಮೆರಿಕದ ಗಾಯಕ ಮೈಕಲ್ ಜಾಕ್ಸನ್ ಎಟಿವಿಯ ಸಂಗೀತ ವಿಭಾಗವನ್ನು ಕೊಂಡರು. ಹಾಡು ಬರೆದವರು ಬದುಕಿರುವಾಗಲೇ ಅದರ ಒಡೆತನ ಬೇರೆಯವರದಾಯಿತು.

ಶರೀಫರ ಪದಗಳಿಗೆ ಇದಕ್ಕಿಂತ ಹತ್ತಿರದ ಹೋಲಿಕೆ ದೊರೆಯುವುದು ಪಾಪ್ ರೂಪ ಪಡೆದ ಜನಪದ ಹಾಡುಗಳಲ್ಲಿ. ನ್ಯೂಕ್ಯಾಸಲ್ ನಗರದ ‘ದಿ ಅನಿಮಲ್ಸ್’ ತಂಡವು 1964ರಲ್ಲಿ ‘ದಿ ಹೌಸ್ ಆಫ್ ದಿ ರೈಸಿಂಗ್ ಸನ್’ ಎಂಬ ಸಾಂಪ್ರದಾಯಿಕ ಹಾಡನ್ನು ಮುದ್ರಿಸಿತು. ಐವರೂ ಸೇರಿ ರೂಪಿಸಿದ ಸಂಯೋಜನೆಯ ಹೆಸರು ಚೀಟಿಯಲ್ಲಿ ಕೀಬೋರ್ಡ್ ವಾದಕ ಅಲನ್ ಪ್ರೈಸ್ ಒಬ್ಬರದಾಗಿತ್ತು. ಹಾಡು ಬ್ರಿಟನ್ ಮತ್ತು ಅಮೆರಿಕ ಎರಡರಲ್ಲಿಯೂ ಮೊದಲ ಸ್ಥಾನಕ್ಕೇರಿದಾಗ ಗೌರವಧನವೂ ಅವರಿಗೇ ಸಂದು, ತಂಡದಲ್ಲಿ ದೀರ್ಘಕಾಲದ ಮನಸ್ತಾಪ ಉಳಿಯಿತು. ಲಂಡನ್ನಿನ ಜನಪದ ಗಾಯಕ ಮಾರ್ಟಿನ್ ಕಾರ್ಥಿಯಿಂದ ‘ಸ್ಕಾರ್ಬರೋ ಫೇರ್’ ಕಲಿತ ಅಮೆರಿಕದ ಪಾಲ್ ಸೈಮನ್, 1966ರ ಆಲ್ಬಂನಲ್ಲಿ ಕಾರ್ಥಿಯ ಹೆಸರನ್ನು ಸೂಚಿಸಲಿಲ್ಲ. ಇಬ್ಬರೂ ಲಂಡನ್ನಿನ ಒಂದೇ ವೇದಿಕೆಯಲ್ಲಿ ಅದನ್ನು ಹಾಡಿದ್ದು 2000ದಲ್ಲಿ.

ಹಕ್ಕುಸ್ವಾಮ್ಯ

ಭಾರತದ 1957ರ ಹಕ್ಕುಸ್ವಾಮ್ಯ ಕಾಯ್ದೆಯು ಸಾಹಿತ್ಯ ಮತ್ತು ಸಂಗೀತ ಕೃತಿಗಳನ್ನು ಪ್ರತ್ಯೇಕವಾಗಿ ಪರಿಗಣಿಸುತ್ತದೆ. ಸಾಮಾನ್ಯವಾಗಿ ಕರ್ತೃವಿನ ಮರಣದ ಮುಂದಿನ ವರ್ಷದ ಆರಂಭದಿಂದ 60 ವರ್ಷ ರಕ್ಷಣೆ ಇರುತ್ತದೆ. ಬ್ರಿಟನ್ನಿನಲ್ಲಿ ಈ ಅವಧಿ 70 ವರ್ಷ. 1889ರಲ್ಲಿ ತೀರಿಕೊಂಡ ಶರೀಫರ ಸಾಹಿತ್ಯವು ಸಾರ್ವಜನಿಕ ಸ್ವತ್ತು. ಆದರೆ ಅಶ್ವಥ್ ಅವರು ಹೊಸದಾಗಿ ರಚಿಸಿದ ಧಾಟಿಗಳಿಗೆ ಈ ಲೆಕ್ಕದಂತೆ 2069ರ ಕೊನೆಯವರೆಗೆ ರಕ್ಷಣೆಯಿದೆ. ಧ್ವನಿಮುದ್ರಣದ ಹಕ್ಕು ಇವೆರಡರಿಂದಲೂ ಬೇರೆ. ಒಂದು ಶಾಲೆಯ ಮಕ್ಕಳ ಗಾಯನವನ್ನು ವಾಣಿಜ್ಯ ಮುದ್ರಿಕೆಯಾಗಿ ತರುವವರು ಪದಕ್ಕೆ ಯಾರ ಅನುಮತಿಯನ್ನೂ ಕೇಳಬೇಕಿಲ್ಲ. ಧಾಟಿ ಯಾರದೆಂದು ಮಾತ್ರ ವಿಚಾರಿಸಲೇಬೇಕು. ಭಜನಾ ಮೇಳಗಳ ಸಾಂಪ್ರದಾಯಿಕ ಧಾಟಿಗೆ ಹೆಸರಿಸಬಹುದಾದ ಕರ್ತೃವಿಲ್ಲ. ಹೀಗಾಗಿ ಪದಗಳನ್ನು ಶತಮಾನದ ಕಾಲ ಕಾಪಾಡಿದ ಹಾಡುಗಾರರಿಗೆ ಕಾಯ್ದೆಯಲ್ಲಿ ಯಾವ ಪಾಲೂ ದೊರೆಯುವುದಿಲ್ಲ.

ಕೇಳುಗರು

ಶಿಶುನಾಳದಲ್ಲಿ ಶರೀಫರ ಗದ್ದುಗೆಯಿದ್ದು, ಹಿಂದೂ ಮತ್ತು ಮುಸ್ಲಿಂ ಭಕ್ತರಿಬ್ಬರೂ ಅಲ್ಲಿಗೆ ನಡೆದುಕೊಳ್ಳುತ್ತಾರೆ. ಜಾತ್ರೆಯಲ್ಲಿ ಪದ ಹಾಡುವುದು ಸೇವೆಯ ಒಂದು ರೂಪ. ಸುಗಮ ಸಂಗೀತದ ಅಭಿಮಾನಿಗಳಿಗೆ ಅದೇ ಪದ ಅಶ್ವಥ್ ಅವರ ಏರುಕಂಠದ ನೆನಪು. ರಾಕ್ ಶೈಲಿಯ ಗಾಯನದಿಂದ ಪದದ ಗಾಂಭೀರ್ಯ ಕುಂದುತ್ತದೆಯೆಂಬ ಆಕ್ಷೇಪವೂ, ಅದರಿಂದಲೇ ಕಿರಿಯರು ಶರೀಫರ ಹೆಸರು ಕೇಳುವಂತಾಯಿತೆಂಬ ಸಮರ್ಥನೆಯೂ ಅಭಿಮಾನಿಗಳ ನಡುವೆ ಇವೆ. ಮೊದಲನೆಯ ಆಕ್ಷೇಪವನ್ನು ಸುಗಮ ಸಂಗೀತದ ಧಾಟಿಗಳಿಗೂ ಅನ್ವಯಿಸಬಹುದು. ಏಕತಾರಿಯ ಪದಕ್ಕೆ ಅವೂ ಒಂದು ಕಾಲದಲ್ಲಿ ಹೊಸತಾಗಿದ್ದವು. ಹೆಚ್ಚು ಗಂಭೀರವಾದ ನಷ್ಟವೆಂದರೆ, ಹಾಡನ್ನು ಚಿಕ್ಕದಾಗಿಸುವಾಗ ಕೊನೆಯ ನುಡಿಯನ್ನು ಬಿಡುವುದು. ಆಗ ಪದದೊಂದಿಗೆ ಅಂಕಿತವೂ ಹೋಗುತ್ತದೆ.