ತಿಂಗಳಿಗೊಂದೇ ಚಿತ್ರ

1942ರ ಆರಂಭ. ಲಂಡನ್ನಿನ ಟ್ರಫಾಲ್ಗರ್ ಚೌಕದ ನ್ಯಾಷನಲ್ ಗ್ಯಾಲರಿಯ ಗೋಡೆಗಳು ಬರಿದಾಗಿ ಎರಡು ವರ್ಷ ದಾಟಿತ್ತು. ಬಾಂಬಿನ ಭಯಕ್ಕೆ ಅಲ್ಲಿನ ಚಿತ್ರಗಳೆಲ್ಲ ವೇಲ್ಸ್‌ನ ಬೆಟ್ಟವೊಂದರ ಹೊಟ್ಟೆ ಸೇರಿದ್ದವು. ಗ್ಯಾಲರಿ ಆಗಷ್ಟೇ ಕೊಂಡಿದ್ದ ರೆಂಬ್ರಾಂಟನ ಚಿತ್ರವೊಂದರ ಸುದ್ದಿ ಹಬ್ಬಿತು. ಮಾರ್ಗರೆಟಾ ಡ ಗೇರ್ ಎಂಬ ವೃದ್ಧೆಯ ಭಾವಚಿತ್ರ ಅದು. ಊರೆಲ್ಲ ಕುಸಿದು ಬೀಳುತ್ತಿರುವ ಈ ಹೊತ್ತಿನಲ್ಲೇ ನಮಗೆ ಚೆಲುವಾದದ್ದು ಬೇಕು, ಅಪಾಯವಿದ್ದರೂ ಸರಿ, ಒಂದೆರಡು ಚಿತ್ರಗಳನ್ನಾದರೂ ತೋರಿಸಿ ಎಂಬ ಅರ್ಥದ ಕಾಗದವೊಂದು ‘ದಿ ಟೈಮ್ಸ್’ ಪತ್ರಿಕೆಯಲ್ಲಿ ಬಂತು.

ಗ್ಯಾಲರಿಯ ನಿರ್ದೇಶಕರು ಆ ಮಾತನ್ನು ಕಿವಿಗೆ ಹಾಕಿಕೊಂಡರು. ತಿಂಗಳಿಗೆ ಒಂದು ಮೇರುಕೃತಿ ವೇಲ್ಸ್‌ನಿಂದ ಲಂಡನ್ನಿಗೆ ಬರತೊಡಗಿತು. ಹಗಲಿನಲ್ಲಿ ಪ್ರದರ್ಶನ, ರಾತ್ರಿಯಾದರೆ ನೆಲಮಾಳಿಗೆ. ಮಾರ್ಚಿನಲ್ಲಿ ಟಿಷಿಯನ್ನನ ‘ನೋಲಿ ಮೆ ತಾಂಗೆರೆ’ ಬಂತು. ಸಮಾಧಿಯ ಬಳಿ ಅಳುತ್ತಿದ್ದ ಮ್ಯಾಗ್ಡಲೀನಳ ಎದುರು, ಸತ್ತನೆಂದುಕೊಂಡಿದ್ದ ಕ್ರಿಸ್ತ ಜೀವಂತ ನಿಂತಿದ್ದಾನೆ. ಅವಳು ಕೈ ಚಾಚುತ್ತಾಳೆ, ಅವನು ಮೃದುವಾಗಿ ಬಾಗಿ ಆ ಕೈಯಿಂದ ದೂರ ಸರಿಯುತ್ತಾನೆ. ಮನೆಯವರನ್ನು ಕಳೆದುಕೊಂಡ ಎಷ್ಟು ಮಂದಿ ಆ ಚಿತ್ರದ ಮುಂದೆ ನಿಂತಿದ್ದಿರಬೇಕು! ಯುದ್ಧಕಾಲದಲ್ಲಿ ಜನಕ್ಕೆ ಹಗುರವಾದದ್ದೇ ಬೇಕು ಎನ್ನುವವರಿಗೆ ಹಾಗೆ ನಿಂತವರು ಕೊಟ್ಟ ಉತ್ತರಕ್ಕಿಂತ ದೊಡ್ಡ ಉತ್ತರ ನನಗೆ ಗೊತ್ತಿಲ್ಲ.

ಆ ನಿರ್ದೇಶಕರು ಕೆನೆತ್ ಕ್ಲಾರ್ಕ್. 1903ರಲ್ಲಿ ಲಂಡನ್ನಿನಲ್ಲಿ ಹುಟ್ಟಿದವರು. ಸ್ಕಾಟ್ಲೆಂಡಿನ ಪೇಸ್ಲಿಯಲ್ಲಿ ಹೊಲಿಗೆ ದಾರದ ಗಿರಣಿ ನಡೆಸಿ ಹಣ ಮಾಡಿದ ಮನೆತನ. ತಂದೆಗೆ ದುಡಿಯುವ ಅಗತ್ಯವೇ ಇರಲಿಲ್ಲ. ಆಕ್ಸ್‌ಫರ್ಡಿನಲ್ಲಿ ಓದು, ಆಮೇಲೆ ಇಟಲಿಯ ಫ್ಲಾರೆನ್ಸ್‌ನಲ್ಲಿ ಬರ್ನಾರ್ಡ್ ಬೆರೆನ್ಸನ್ ಅವರ ಕೈಕೆಳಗೆ ಕಲಿಕೆ. ಹಳೆಯ ಚಿತ್ರ ಯಾರ ಕೈಯದೆಂದು ಗೆರೆಗಳನ್ನು ನೋಡಿಯೇ ಹೇಳುವ ವಿದ್ಯೆಯಲ್ಲಿ ಬೆರೆನ್ಸನ್ ಅವರದು ಆಗಿನ ಅತಿ ದೊಡ್ಡ ಹೆಸರು. ವಿಂಡ್ಸರ್ ಅರಮನೆಯಲ್ಲಿದ್ದ ಲಿಯೊನಾರ್ಡೊನ ರೇಖಾಚಿತ್ರಗಳಿಗೆ ಕ್ಲಾರ್ಕ್ ಸಿದ್ಧಪಡಿಸಿದ ಸೂಚಿ 1935ರಲ್ಲಿ ಹೊರಬಂತು. ವಿದ್ವಾಂಸರು ಇವತ್ತಿಗೂ ಅದನ್ನು ಗೌರವದಿಂದ ನೆನೆಯುತ್ತಾರೆ.

1934ರಲ್ಲಿ ನ್ಯಾಷನಲ್ ಗ್ಯಾಲರಿಯ ಚುಕ್ಕಾಣಿ ಹಿಡಿದಾಗ ಅವರಿಗೆ ಮೂವತ್ತು ವರ್ಷ. ಆ ಹುದ್ದೆಗೆ ಅಷ್ಟು ಎಳೆಯರು ಹಿಂದೆ ಬಂದಿರಲಿಲ್ಲ. ಅವರು ಗ್ಯಾಲರಿಗೆ ವಿದ್ಯುತ್ ದೀಪ ಹಾಕಿಸಿದರು, ಬಾಗಿಲು ತೆರೆದಿರುವ ಹೊತ್ತನ್ನು ಹೆಚ್ಚಿಸಿದರು. ನನಗೆ ಬಹಳ ಹಿಡಿಸಿದ್ದು ಇನ್ನೊಂದು: ಫುಟ್‌ಬಾಲ್ ಕಪ್ ಫೈನಲ್ ದಿನ ಪಂದ್ಯ ನೋಡಲು ದೂರದ ಊರುಗಳಿಂದ ಬರುವವರಿಗಾಗಿ ಗ್ಯಾಲರಿಯನ್ನು ಎರಡು ಗಂಟೆ ಮೊದಲೇ ತೆರೆಸಿದ್ದು. ಗಿರಣಿಯ ಕೆಲಸಗಾರನೂ ಚಿತ್ರ ನೋಡಬಲ್ಲ, ಅವನಿಗೆ ಬೇಕಾದದ್ದು ಬಿಡುವು ಮಾತ್ರ ಎಂದು ಈ ಸಿರಿವಂತರ ಮಗ ಮನಸಾರೆ ನಂಬಿದ್ದರು.

ಎಲ್ಲವೂ ಸುಸೂತ್ರವಾಗಿತ್ತೆಂದಲ್ಲ. 1937ರಲ್ಲಿ ವೆನಿಸ್ಸಿನ ನಾಲ್ಕು ಪುಟ್ಟ ಚಿತ್ರಗಳನ್ನು ಜೋರ್ಜೋನೆಯ ಕೃತಿಗಳೆಂದು ಕೊಂಡರು. ಗ್ಯಾಲರಿಯ ವಿದ್ವಾಂಸ ಸಿಬ್ಬಂದಿ ಆಗಲೇ ಒಪ್ಪಿರಲಿಲ್ಲ. ಅವು ಆಂಡ್ರಿಯಾ ಪ್ರೆವಿಟಾಲಿ ಎಂಬ ಚಿಕ್ಕ ಹೆಸರಿನ ಕಲಾವಿದನವೆಂದು ಆಮೇಲೆ ತೀರ್ಮಾನವಾಯಿತು. ಪತ್ರಿಕೆಗಳು ಹರಿಹಾಯ್ದವು, ಸಿಬ್ಬಂದಿಯೊಂದಿಗಿನ ಸಂಬಂಧ ಹುಳಿಯಾಯಿತು. ಕಣ್ಣನ್ನೇ ನಂಬಿ ಬದುಕುವ ವೃತ್ತಿಯಲ್ಲಿ ಇಂಥದ್ದು ತಪ್ಪಿದ್ದಲ್ಲ. ಆದರೆ ಜೊತೆಯವರ ಮಾತು ಕೇಳದೆ ಹೋದದ್ದು ಕ್ಲಾರ್ಕ್ ಅವರ ನಿಜವಾದ ಕೊರತೆ.

ಯುದ್ಧ ಬಂತು. 1939ರ ಆಗಸ್ಟ್ ಕೊನೆಯ ಭಾಗದಲ್ಲಿ ಆರಂಭವಾದ ಚಿತ್ರಗಳ ಸಾಗಣೆ, ಯುದ್ಧ ಘೋಷಣೆಯ ಹಿಂದಿನ ದಿನಕ್ಕೆ ಮುಗಿದಿತ್ತು. ಮೊದಲು ವೇಲ್ಸ್‌ನ ಕೋಟೆ, ಗ್ರಂಥಾಲಯ, ವಿಶ್ವವಿದ್ಯಾಲಯಗಳಲ್ಲಿ ಇಟ್ಟರು. ಜರ್ಮನ್ ವಿಮಾನಗಳು ಅಲ್ಲಿಗೂ ಬರಬಲ್ಲವೆಂದಾದಾಗ ಕೆನಡಾಕ್ಕೆ ಕಳಿಸುವ ಮಾತೆದ್ದಿತು. ಪ್ರಧಾನಿ ಚರ್ಚಿಲ್ ಸುತರಾಂ ಒಪ್ಪಲಿಲ್ಲ. ಹಾಗಾಗಿ 1941ರಲ್ಲಿ ಮ್ಯಾನೊಡ್ ಎಂಬಲ್ಲಿನ ಸ್ಲೇಟ್ ಕಲ್ಲಿನ ಗಣಿಯೇ ಗ್ಯಾಲರಿಯ ಉಗ್ರಾಣವಾಯಿತು. ಸಿಡಿಮದ್ದಿಟ್ಟು ಬಾಯಿ ಅಗಲ ಮಾಡಿದರು. ಕುದುರೆಯ ಮೇಲೆ ಕುಳಿತ ಒಂದನೇ ಚಾರ್ಲ್ಸ್ ದೊರೆಯ ಚಿತ್ರ, ವ್ಯಾನ್ ಡೈಕ್ ಬರೆದದ್ದು, ಹನ್ನೆರಡು ಅಡಿ ಎತ್ತರದ್ದು; ಅದು ದಾಟಲೆಂದು ರೈಲು ಸೇತುವೆಯ ಕೆಳಗಿನ ರಸ್ತೆಯನ್ನೇ ಅಗೆದು ತಗ್ಗಿಸಿದರು. ಗಣಿಯೊಳಗೆ ಇಟ್ಟಿಗೆಯ ಕೋಣೆಗಳು, ಕಿರಿದಾದ ಹಳಿಗಳ ಮೇಲೆ ಗಾಡಿ, ಉಷ್ಣಾಂಶ 17 ಡಿಗ್ರಿ ಸೆಲ್ಸಿಯಸ್ ಆಸುಪಾಸು, ತೇವಾಂಶ ಶೇ 42. ಅಲ್ಲಿ ಒಂದು ಅಚ್ಚರಿ ಕಾದಿತ್ತು. ಲಂಡನ್ನಿನಲ್ಲಿ ಆಗಾಗ ಬಣ್ಣದ ಹೊಪ್ಪಳೆ ಏಳುತ್ತಿದ್ದ ಚಿತ್ರಗಳು ಗಣಿಯಲ್ಲಿ ಚೊಕ್ಕವಾಗಿದ್ದವು. ಹವೆ ಒಂದೇ ಸಮನಾಗಿದ್ದರೆ ಚಿತ್ರಕ್ಕೆ ಆಯುಷ್ಯ ಹೆಚ್ಚು ಎಂಬ ಈ ಪಾಠದಿಂದಲೇ ಯುದ್ಧಾನಂತರ ಗ್ಯಾಲರಿಯ ಕೋಣೆಗಳಿಗೆ ಹವಾನಿಯಂತ್ರಣ ಬಂದದ್ದು.

ಇತ್ತ ಖಾಲಿ ಕಟ್ಟಡವನ್ನು ಕ್ಲಾರ್ಕ್ ಮುಚ್ಚಿಡಲಿಲ್ಲ. ಪಿಯಾನೋ ವಾದಕಿ ಮೈರಾ ಹೆಸ್ ಬಂದು ಇಲ್ಲಿ ಕಛೇರಿ ನಡೆಸಬಹುದೇ ಎಂದು ಕೇಳಿದರು. ದಿನಾ ನಡೆಸಿ ಎಂದರು ಕ್ಲಾರ್ಕ್. 1939ರ ಅಕ್ಟೋಬರ್ 10ರಂದು ಮೊದಲ ಕಛೇರಿ. ಟಿಕೆಟ್ ಒಂದು ಶಿಲಿಂಗ್. ಅಲ್ಲಿಂದ ಸೋಮವಾರದಿಂದ ಶುಕ್ರವಾರದವರೆಗೆ ಮಧ್ಯಾಹ್ನದ ಊಟದ ಹೊತ್ತಿನಲ್ಲಿ, ಆರೂವರೆ ವರ್ಷ, 1,698 ಕಛೇರಿಗಳು. ಬಾಂಬ್ ದಾಳಿ ಜೋರಾದಾಗ ಕೆಳಗಿನ ನೆಲಮಾಳಿಗೆಗೆ ಇಳಿದು ನುಡಿಸಿದರು. ಜರ್ಮನಿಯೊಡನೆ ಹೋರಾಡುತ್ತಿದ್ದ ಊರಿನಲ್ಲಿ ಬಾಖ್, ಬೀಥೋವನ್ ಎಂಬ ಜರ್ಮನ್ನರ ಸಂಗೀತಕ್ಕೆ ಸಾವಿರಾರು ಜನ ಸಾಲುಗಟ್ಟಿದರು. ಇದೇ ಕಾಲದಲ್ಲಿ ಯುದ್ಧವನ್ನು ಚಿತ್ರಿಸುವ ಕಲಾವಿದರ ಸಮಿತಿಯ ಅಧ್ಯಕ್ಷರೂ ಕ್ಲಾರ್ಕ್ ಅವರೇ. ಕಲಾವಿದರು ಕೈಯಲ್ಲಿ ಬಂದೂಕು ಹಿಡಿದು ಸಾಯುವುದನ್ನು ಸಾಧ್ಯವಾದಷ್ಟು ತಪ್ಪಿಸುವುದೂ ಅವರ ಉದ್ದೇಶವಾಗಿತ್ತು. ಸುರಂಗ ರೈಲು ನಿಲ್ದಾಣಗಳಲ್ಲಿ ಮಲಗಿದ ಜನರನ್ನು ಹೆನ್ರಿ ಮೂರ್ ಬರೆದ ರೇಖಾಚಿತ್ರಗಳು ಆ ಸಮಿತಿಯ ಆಸರೆಯಲ್ಲೇ ಬೆಳೆದವು.

1945ರಲ್ಲಿ ಚಿತ್ರಗಳು ಮರಳಿದವು, ಕ್ಲಾರ್ಕ್ ಹುದ್ದೆ ಬಿಟ್ಟರು. ಉಳಿದದ್ದನ್ನು ಜಗತ್ತು ಚೆನ್ನಾಗಿ ಬಲ್ಲದು: 1969ರಲ್ಲಿ ಬಿಬಿಸಿಯಲ್ಲಿ ಅವರು ನಡೆಸಿಕೊಟ್ಟ ಹದಿಮೂರು ಕಂತುಗಳ ‘ಸಿವಿಲೈಸೇಷನ್’ ಸರಣಿ. ಅದರಲ್ಲಿ ಪಶ್ಚಿಮ ಯುರೋಪ್ ಬಿಟ್ಟು ಬೇರೆ ನಾಗರಿಕತೆಗಳಿಗೆ ಜಾಗವಿಲ್ಲ. ಬಾದಾಮಿ, ಹಳೇಬೀಡುಗಳ ನೆಲದಲ್ಲಿ ಕೂತು ನೋಡುವ ನಮಗೆ ಅದು ಚುಚ್ಚುತ್ತದೆ. 1972ರಲ್ಲಿ ಕಲಾ ವಿಮರ್ಶಕ ಜಾನ್ ಬರ್ಜರ್ ಅದೇ ಬಿಬಿಸಿಯಲ್ಲಿ, ಚಿತ್ರದ ಹಿಂದಿನ ಹಣ ಮತ್ತು ಅಧಿಕಾರವನ್ನು ನೋಡಿ ಎಂದು ಕ್ಲಾರ್ಕ್ ಮಾದರಿಗೆ ಎದುರಾಗಿ ನಿಂತರು. ಬರ್ಜರ್ ವಾದ ಸರಿಯೇ. ಆದರೂ 1983ರಲ್ಲಿ ತೀರಿಕೊಂಡ ಈ ಮನುಷ್ಯನನ್ನು ಟಿವಿ ಸರಣಿಯೊಂದರಿಂದಲೇ ಅಳೆಯುವುದು ಅನ್ಯಾಯ. ಅವರ ಅತ್ಯುತ್ತಮ ಕೆಲಸ ಆ ಖಾಲಿ ಕಟ್ಟಡದಲ್ಲಿ ನಡೆಯಿತು.

ಲಂಡನ್ನಿಗೆ ಹೋಗುವ ಕನ್ನಡಿಗರು ಥೇಮ್ಸ್ ದಂಡೆಯ ಬಸವಣ್ಣನವರ ಪ್ರತಿಮೆಗೆ ತಪ್ಪದೆ ಕೈಮುಗಿಯುತ್ತಾರೆ. ಅಲ್ಲಿಂದ ನದಿ ದಾಟಿದರೆ ಟ್ರಫಾಲ್ಗರ್ ಚೌಕ ದೂರವಿಲ್ಲ. ಗ್ಯಾಲರಿಯ ಕಾಯಂ ಸಂಗ್ರಹಕ್ಕೆ ಪ್ರವೇಶ ಉಚಿತ. ಎರಡು ಸಾವಿರಕ್ಕೂ ಮಿಕ್ಕಿದ ಚಿತ್ರಗಳನ್ನೆಲ್ಲ ಒಂದೇ ಮಧ್ಯಾಹ್ನ ನೋಡಿ ಮುಗಿಸಲು ಓಡಬೇಡಿ. ನಿಮಗೆ ಹಿಡಿಸಿದ ಒಂದನ್ನು ಆರಿಸಿಕೊಂಡು ಕಾಲು ಗಂಟೆ ಅದರ ಮುಂದೆ ನಿಲ್ಲಿ.