ಗಾಲಿಗೆ ಗಾಲಿ ತಗುಲಿದಾಗ

ಮಲಪ್ರಭೆಯ ದಂಡೆಯ ಮೇಲಿರುವ ಹೊಳೆಆಲೂರಿನ ಸುತ್ತಣ ಎರೆಯ ಹೊಲಗಳ ನಡುವೆ ಇಕ್ಕಟ್ಟಾದ ದಾರಿಯಲ್ಲಿ ಎರಡು ಚಕ್ಕಡಿಗಳು ಎದುರುಬದುರಾದವೆನ್ನಿ. ಆಗ ಒಕ್ಕಲಿಗನ ಕಣ್ಣು ಮೊದಲು ಹೋಗುವುದು ಗಾಲಿಗಳ ಕಡೆಗೆ. ಚಕ್ಕಡಿಯ ಗಾಲಿಗಳು ಅದರ ಮೈಯಿಂದ ಹೊರಗಿರುತ್ತವೆ. ಅವುಗಳಿಗೆ ಯಾವ ಹೊದಿಕೆಯೂ ಇಲ್ಲ. ಒಂದರ ಅಚ್ಚಿನ ತುದಿಯು ಇನ್ನೊಂದರ ಅರಗಳಲ್ಲಿ ಸಿಕ್ಕಿಕೊಂಡರೆ ಎರಡೂ ಅಲ್ಲಿಯೇ ನಿಲ್ಲಬೇಕಾಗುತ್ತದೆ. ಎತ್ತಿನ ನಡಿಗೆಯ ವೇಗದಲ್ಲಿ ಇದರಿಂದಾಗುವ ನಷ್ಟವೆಂದರೆ ಒಂದು ಮುರಿದ ಅರ, ಹೆಚ್ಚೆಂದರೆ ನಾಲ್ಕು ಬಿರುಸಿನ ಮಾತು. ಆದರೆ ಅಂಥವೇ ತೆರೆದ ಗಾಲಿಗಳು ಗಂಟೆಗೆ 200 ಕಿಲೋಮೀಟರ್ ವೇಗದಲ್ಲಿ ಒಂದನ್ನೊಂದು ತಗುಲಿದರೆ ಏನಾದೀತು?

ಇದು ಕೇವಲ ಕಲ್ಪನೆಯ ಪ್ರಶ್ನೆಯಲ್ಲ. ಮೋಟಾರು ಪಂದ್ಯಗಳಲ್ಲಿ ಒಬ್ಬನೇ ಕುಳಿತು ನಡೆಸುವ ಒಂದು ಜಾತಿಯ ಕಾರುಗಳಿವೆ. ಅವುಗಳ ನಾಲ್ಕೂ ಗಾಲಿಗಳು ದೇಹದಿಂದ ಹೊರಚಾಚಿ ಬಯಲಲ್ಲಿಯೇ ತಿರುಗುತ್ತವೆ. ಇವನ್ನು ತೆರೆದ ಗಾಲಿಯ ಕಾರುಗಳೆಂದು ಕರೆಯಬಹುದು. ಮೊದಮೊದಲು ಕಾರಿನ ಭಾರವನ್ನು ತಗ್ಗಿಸಲೆಂದು ಗಾಲಿಗಳ ಮೇಲಿನ ತಗಡುಗಳನ್ನು ತೆಗೆದುಹಾಕಿದರು. ಮುಂದೆ ಅದೇ ಪದ್ಧತಿ ಪಂದ್ಯದ ನಿಯಮವೂ ಆಯಿತು. ಫಾರ್ಮುಲಾ ಒನ್ ಪಂದ್ಯಗಳೂ ಅಮೆರಿಕದ ಇಂಡಿಯನಾಪೊಲಿಸ್ ಪಂದ್ಯವೂ ಇಂಥ ಕಾರುಗಳವೇ.

ಇಂಥ ಕಾರುಗಳ ವಿಶೇಷ ಅಪಾಯವನ್ನು ತಿಳಿಯಬೇಕಾದರೆ ಉರುಳುವ ಗಾಲಿಯನ್ನು ತುಸು ಗಮನಿಸಬೇಕು. ಕಾರು ಮುಂದಕ್ಕೆ ಓಡುತ್ತಿರುವಾಗ ಅದರ ಗಾಲಿಯ ಮುಂಭಾಗದ ಅಂಚು ಕೆಳಕ್ಕೆ ಇಳಿಯುತ್ತಿರುತ್ತದೆ, ಹಿಂಭಾಗದ ಅಂಚು ಮೇಲಕ್ಕೆ ಏರುತ್ತಿರುತ್ತದೆ. ಸೈಕಲ್ಲಿನ ಗಾಲಿಗೆ ಸುಣ್ಣದ ಗುರುತು ಹಾಕಿ ಮೆಲ್ಲನೆ ಉರುಳಿಸಿದರೆ ಯಾರಾದರೂ ಇದನ್ನು ಕಾಣಬಹುದು. ಈಗ ಮುಂದಿನ ಕಾರಿನ ಹಿಂಗಾಲಿಗೆ ಹಿಂದಿನ ಕಾರಿನ ಮುಂಗಾಲಿ ತಗುಲಿತೆಂದು ಭಾವಿಸಿ. ತಗುಲಿದೆಡೆಯಲ್ಲಿ ಮುಂದಿನ ಗಾಲಿಯ ಅಂಚು ಮೇಲಕ್ಕೂ ಹಿಂದಿನ ಗಾಲಿಯ ಅಂಚು ಕೆಳಕ್ಕೂ ಸಾಗುತ್ತಿವೆ. ಕಾರುಗಳ ವೇಗ ಗಂಟೆಗೆ 180 ಕಿಲೋಮೀಟರ್, ಅಂದರೆ ಸೆಕೆಂಡಿಗೆ 50 ಮೀಟರ್ ಆಗಿದ್ದರೆ, ಆ ಎರಡು ರಬ್ಬರಿನ ಮೈಗಳು ಸೆಕೆಂಡಿಗೆ 100 ಮೀಟರ್ ವೇಗದಲ್ಲಿ ಒಂದನ್ನೊಂದು ಉಜ್ಜುತ್ತವೆ. ಮುಂದಿನ ಗಾಲಿಯು ಹಿಂದಿನದನ್ನು ಮೇಲಕ್ಕೆ ಎಳೆಯುತ್ತದೆ. ಹಿಂದಿನದು ಏಣಿ ಹತ್ತಿದಂತೆ ಅದರ ಮೇಲೇರುತ್ತದೆ. ಕ್ಷಣಾರ್ಧದಲ್ಲಿ ಕಾರು ನೆಲವನ್ನು ಬಿಟ್ಟು ಗಾಳಿಯಲ್ಲಿರುತ್ತದೆ.

ಗಾಳಿಯಲ್ಲಿರುವ ಕಾರಿಗೆ ತಡೆಯೂ ಇಲ್ಲ, ಚುಕ್ಕಾಣಿಯೂ ಇಲ್ಲ. ಸೆಕೆಂಡಿಗೆ 50 ಮೀಟರ್ ವೇಗದ ಚಲನಶಕ್ತಿಯು ಸುಮಾರು 127 ಮೀಟರ್ ಎತ್ತರದಿಂದ ಬಿದ್ದ ವಸ್ತುವಿನದಕ್ಕೆ ಸಮ. ಬಿಜಾಪುರದ ಗೋಳಗುಮ್ಮಟದ ಮೇಲೆ ಇನ್ನೊಂದು ಗುಮ್ಮಟ, ಅದರ ಮೇಲೆ ಅರ್ಧ ಗುಮ್ಮಟವನ್ನಿಟ್ಟು, ಅಲ್ಲಿಂದ ಕಾರನ್ನು ಕೆಡವಿದಂತೆ ಎಂದರೆ ಈ ಶಕ್ತಿಯ ಪ್ರಮಾಣ ಮನಸ್ಸಿಗೆ ಬಂದೀತು.

ಕಳೆದ ಶತಮಾನದ ನಡುಭಾಗದಲ್ಲಿ ಈ ಅಪಾಯವನ್ನು ಎದುರಿಸಿದವರಲ್ಲಿ ಅಮೆರಿಕದ ಬಿಲ್ ವುಕೊವಿಚ್ ಅಗ್ರಗಣ್ಯನು. ಆತನು 1918ರಲ್ಲಿ ಕ್ಯಾಲಿಫೋರ್ನಿಯದಲ್ಲಿ ಹುಟ್ಟಿದನು. ತಂದೆತಾಯಿಗಳು ಯುಗೊಸ್ಲಾವಿಯದ ಕಡೆಯಿಂದ ಬಂದು ನೆಲೆಸಿದವರು. ಎಳೆಯ ವಯಸ್ಸಿನಲ್ಲಿಯೇ ತಂದೆಯನ್ನು ಕಳೆದುಕೊಂಡು, ಶಾಲೆಯನ್ನು ಬಿಟ್ಟು ದುಡಿಮೆಗೆ ನಿಂತ ಈ ಹುಡುಗನು ಮಿಜೆಟ್ ಎಂಬ ಪುಟ್ಟ ಪಂದ್ಯದ ಕಾರುಗಳಲ್ಲಿ ಪಳಗಿ, 1950ರಲ್ಲಿ ಅವುಗಳ ರಾಷ್ಟ್ರೀಯ ವಿಜೇತನಾದನು. ಮುಂದಿನ ವರ್ಷ ಇಂಡಿಯನಾಪೊಲಿಸ್‌ಗೆ ಬಂದನು. ಅಲ್ಲಿಯ ಪಂದ್ಯವು 200 ಸುತ್ತುಗಳದು. ಒಟ್ಟು ದೂರ 500 ಮೈಲಿ, ಅಂದರೆ ಸುಮಾರು 805 ಕಿಲೋಮೀಟರ್.

1952ರಲ್ಲಿ ಆತನು ಎಲ್ಲರಿಗಿಂತ ಮುಂದಿದ್ದನು. ಇನ್ನು ಒಂಬತ್ತು ಸುತ್ತುಗಳಷ್ಟೇ ಉಳಿದಿದ್ದಾಗ ಚುಕ್ಕಾಣಿಯ ಭಾಗವೊಂದು ಮುರಿದು ಗೆಲುವು ಕೈತಪ್ಪಿತು. 1953ರ ಪಂದ್ಯದ ದಿನ ಬಿಸಿಲಿನ ಬೇಗೆ ತಾಳಲಾರದೆ ಅನೇಕ ಚಾಲಕರು ನಡುವೆಯೇ ಕಾರನ್ನು ಬದಲಿ ಚಾಲಕರಿಗೆ ಒಪ್ಪಿಸಿದರು. ಕಾರ್ಲ್ ಸ್ಕಾರ್ಬರೊ ಎಂಬ ಚಾಲಕನು ಆ ಶಾಖದಿಂದಲೇ ಪ್ರಾಣಬಿಟ್ಟನು. ವುಕೊವಿಚ್ ಮಾತ್ರ ಒಬ್ಬನೇ ಕೊನೆಯವರೆಗೆ ಕುಳಿತು, 200ರಲ್ಲಿ 195 ಸುತ್ತುಗಳನ್ನು ಮುಂಚೂಣಿಯಲ್ಲಿಯೇ ಪೂರೈಸಿ ಗೆದ್ದನು. 1954ರಲ್ಲಿ ಹತ್ತೊಂಬತ್ತನೆಯ ಸ್ಥಾನದಿಂದ ಹೊರಟರೂ ಗಂಟೆಗೆ ಸುಮಾರು 210 ಕಿಲೋಮೀಟರ್ ಸರಾಸರಿ ವೇಗದಲ್ಲಿ ಮತ್ತೆ ಗೆದ್ದನು.

1955ರ ಮೇ 30ರಂದು, ಸತತ ಮೂರನೆಯ ಗೆಲುವಿಗಾಗಿ ಹೊರಟಿದ್ದ ಆತನು 57ನೆಯ ಸುತ್ತಿನಲ್ಲಿ ಎಲ್ಲರಿಗಿಂತ ಮುಂದಿದ್ದು, ಒಂದು ಸುತ್ತು ಹಿಂದೆಬಿದ್ದಿದ್ದವರನ್ನು ದಾಟುತ್ತಿದ್ದನು. ಅವರಲ್ಲಿ ರಾಜರ್ ವಾರ್ಡ್‌ನ ಕಾರಿನ ಅಚ್ಚು ಮುರಿಯಿತು. ಅದನ್ನು ತಪ್ಪಿಸಲು ಹೋದ ಆಲ್ ಕೆಲರ್‌ನ ಕಾರು ಜಾನಿ ಬಾಯ್ಡ್‌ನ ಕಾರಿಗೆ ಬಡಿಯಿತು. ವುಕೊವಿಚ್‌ನಿಗೆ ದಾರಿಯೇ ಉಳಿಯಲಿಲ್ಲ. ಆತನ ಕಾರು ಬಾಯ್ಡ್‌ನ ಕಾರಿಗೆ ತಗುಲಿ ಮೇಲಕ್ಕೆ ನೆಗೆದು, ಹೊರಗೋಡೆಯನ್ನು ದಾಟಿ ಉರುಳುರುಳಿ ಬಿದ್ದಿತು. ತಲೆಬುರುಡೆಗೆ ಆದ ಪೆಟ್ಟಿನಿಂದ ಆತನು ಮೃತನಾದನು. ಆಗ ಆತನಿಗೆ 36 ವರ್ಷ.

ಈ ಸಾವಿನಲ್ಲಿ ಚಾಲಕನ ಕೌಶಲದ ಕೊರತೆ ಎಲ್ಲಿಯೂ ಇರಲಿಲ್ಲ. ಕೊರತೆಯಿದ್ದುದು ಕಾರಿನ ರಚನೆಯಲ್ಲಿ. ಮಗುಚಿದ ಕಾರಿನಲ್ಲಿ ನೆಲಕ್ಕೆ ಮೊದಲು ಬಡಿಯುವುದು ಚಾಲಕನ ತಲೆಯೇ ಆಗಿತ್ತು. 1958ರಲ್ಲಿ ಇಂಡಿಯನಾಪೊಲಿಸ್‌ನಲ್ಲಿಯೇ ಪ್ಯಾಟ್ ಒಕಾನರ್ ಎಂಬ ಇನ್ನೊಬ್ಬ ಚಾಲಕನು ಕಾರು ಮಗುಚಿ ಸತ್ತ ಮೇಲೆ, 1959ರಿಂದ ಚಾಲಕನ ತಲೆಯ ಹಿಂದೆ ಉಕ್ಕಿನ ಕಮಾನೊಂದು ಇರತಕ್ಕದ್ದೆಂದು ನಿಯಮವಾಯಿತು. ಬೆನ್ನ ಹಿಂದೆ ರಕ್ಷೆ ಬಂದಿತು. ಮುಖದ ಮುಂದೆ ಮಾತ್ರ ಬಯಲೇ ಉಳಿಯಿತು. ಈ ಬಯಲು ಮುಚ್ಚಲು ಮುಂದೆ ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಹಿಡಿಯಿತು. ಅದು ಮುಚ್ಚಿದ ಕಾಲಕ್ಕೆ ನಮ್ಮ ಕರ್ನಾಟಕದ ಒಬ್ಬ ತರುಣನೂ ಅಂಥ ಕಾರಿನಲ್ಲಿ ಕುಳಿತಿದ್ದನೆಂಬುದು ನಮ್ಮ ಓದುಗರಿಗೆ ಸ್ವಾರಸ್ಯದ ಸಂಗತಿ.

ಅರ್ಜುನ್ ಮೈನಿಯವರು 1997ರ ಡಿಸೆಂಬರಿನಲ್ಲಿ ಬೆಂಗಳೂರಿನಲ್ಲಿ ಜನಿಸಿದರು. ವುಕೊವಿಚ್ ಮಿಜೆಟ್ ಕಾರಿನಲ್ಲಿ ಕಲಿತಂತೆ ಇವರು ಕಾರ್ಟ್ ಎಂಬ ಪುಟ್ಟ ವಾಹನದಲ್ಲಿ ಕಲಿತರು. 2014ರಲ್ಲಿ ಇಂಗ್ಲೆಂಡಿನ ಫಾರ್ಮುಲಾ 4 ಪಂದ್ಯಮಾಲೆಯಲ್ಲಿ ಭಾಗವಹಿಸಿ ಎರಡನೆಯ ಸ್ಥಾನವನ್ನು ಪಡೆದರು. ಮೊದಲನೆಯವರಿಗೂ ಇವರಿಗೂ ಇದ್ದ ಅಂತರ ಕೇವಲ 3 ಅಂಕಗಳು. ಆ ಮೊದಲನೆಯವರೇ ಜಾರ್ಜ್ ರಸೆಲ್. ಅವರು 2019ರಲ್ಲಿ ಫಾರ್ಮುಲಾ ಒನ್ ಪ್ರವೇಶಿಸಿ, 2022ರಲ್ಲಿ ಅಲ್ಲಿಯೂ ಗೆದ್ದರು. 2017ರ ಮೇ ತಿಂಗಳಲ್ಲಿ ಸ್ಪೇನಿನ ಬಾರ್ಸಿಲೋನಾ ಹಾದಿಯಲ್ಲಿ ಜಿಪಿ3 ವರ್ಗದ ಎರಡು ಪಂದ್ಯಗಳು ನಡೆದವು. ಮೊದಲನೆಯದನ್ನು ಜಪಾನಿನ ನಿರೇ ಫುಕುಝುಮಿಯವರೂ ಎರಡನೆಯದನ್ನು ಮೈನಿಯವರೂ ಗೆದ್ದರು. ಆ ಕಾರುಗಳ ಯಂತ್ರ 400 ಅಶ್ವಶಕ್ತಿಯದು. 2018ರಲ್ಲಿ ಇಬ್ಬರೂ 620 ಅಶ್ವಶಕ್ತಿಯ ಫಾರ್ಮುಲಾ 2 ಕಾರುಗಳಿಗೆ ಏರಿದರು.

ಈ ಏರಿಕೆಯಲ್ಲಿ ದೇಹದ ಮೇಲೆ ಬೀಳುವ ಹೊರೆ ಎಷ್ಟೆಂಬುದನ್ನು ಲೆಕ್ಕ ಹಾಕಬಹುದು. ಹೊಳೆಆಲೂರಿನಿಂದ ಬಾದಾಮಿಯ ಕಡೆಗೆ ಹೋಗುವ ರೈಲು ತಿರುವನ್ನು ಹಿಡಿದಾಗ ನಿಂತಿರುವ ಪ್ರಯಾಣಿಕನು ಪಕ್ಕಕ್ಕೆ ವಾಲುವುದನ್ನು ನೀವು ಕಂಡಿರಬಹುದು. ವೇಗದ ವರ್ಗವನ್ನು ತಿರುವಿನ ತ್ರಿಜ್ಯದಿಂದ ಭಾಗಿಸಿದರೆ ಆ ಪಕ್ಕದ ವೇಗೋತ್ಕರ್ಷ ದೊರೆಯುತ್ತದೆ. ಸೆಕೆಂಡಿಗೆ 50 ಮೀಟರ್ ವೇಗದಲ್ಲಿ 100 ಮೀಟರ್ ತ್ರಿಜ್ಯದ ತಿರುವನ್ನು ಹಿಡಿದರೆ ಅದು 25 ಆಗುತ್ತದೆ. ಎಂದರೆ ಗುರುತ್ವದ ಎರಡೂವರೆ ಪಟ್ಟು. ತಲೆ ಮತ್ತು ಶಿರಸ್ತ್ರಾಣ ಸೇರಿ 6 ಕಿಲೋಗ್ರಾಂ ಇದ್ದರೆ, 15 ಕಿಲೋಗ್ರಾಂ ಭಾರವನ್ನು ಕುತ್ತಿಗೆಗೆ ಹಗ್ಗ ಕಟ್ಟಿ ಪಕ್ಕಕ್ಕೆ ಎಳೆದಂತಾಗುವುದು. ಪ್ರತಿ ಸುತ್ತಿನಲ್ಲಿಯೂ, ಪ್ರತಿ ತಿರುವಿನಲ್ಲಿಯೂ ಇದನ್ನು ಸಹಿಸುತ್ತ ಚಾಲಕನು ಕಣ್ಣನ್ನು ಸ್ಥಿರವಾಗಿಡಬೇಕು.

ಅದೇ 2018ರಲ್ಲಿ ಫಾರ್ಮುಲಾ ಒನ್ ಮತ್ತು ಫಾರ್ಮುಲಾ 2 ಕಾರುಗಳಿಗೆ ಒಂದು ಹೊಸ ಅಂಗ ಸೇರಿತು. ಅದರ ಹೆಸರು ಹೇಲೊ. ದೇವರ ವಿಗ್ರಹದ ತಲೆಯ ಸುತ್ತಣ ಪ್ರಭಾವಳಿ ಎಂದು ಆ ಶಬ್ದದ ಅರ್ಥ. ಇದು ಟೈಟಾನಿಯಂ ಲೋಹದ ಒಂದು ಕೊಳವೆ. ಚಾಲಕನ ತಲೆಯನ್ನು ಬಳಸಿ ಹೋಗುತ್ತದೆ. ಹಿಂದೆ ಎರಡು ಕಡೆ, ಮುಂದೆ ಒಂದು ಕಂಬದ ಮೇಲೆ, ಹೀಗೆ ಮೂರು ನೆಲೆಗಳಲ್ಲಿ ಕಾರಿನ ದೇಹಕ್ಕೆ ಬಿಗಿಯಲ್ಪಟ್ಟಿರುತ್ತದೆ. ಇದರ ತೂಕ ಸುಮಾರು 7 ಕಿಲೋಗ್ರಾಂ; ತಡೆಯಬಲ್ಲ ಭಾರವೋ ಸುಮಾರು 12 ಟನ್. ಮೇಲಿನಿಂದ ಬಿದ್ದ ಹೊರೆಯು ಮೂರು ಕಾಲುಗಳಿಗೂ ಹಂಚಿಹೋಗಿ ಕಾರಿನ ಗಟ್ಟಿಯಾದ ಗೂಡಿಗೆ ಇಳಿಯುತ್ತದೆ. ಚಾಲಕನ ತಲೆಯವರೆಗೆ ಬರುವುದಿಲ್ಲ.

ಇದನ್ನು ತಂದಾಗ ಆಕ್ಷೇಪಗಳು ಕಡಿಮೆಯಿರಲಿಲ್ಲ. ಕಾರಿನ ಅಂದ ಕೆಟ್ಟಿತೆಂದರು ಕೆಲವರು. ಕಣ್ಣೆದುರಿನ ಕಂಬ ದಾರಿಯನ್ನು ಮರೆಮಾಡುವುದೆಂದರು ಇನ್ನು ಕೆಲವರು. ಎರಡನೆಯ ಆಕ್ಷೇಪವನ್ನು ನೀವೇ ಪರೀಕ್ಷಿಸಬಹುದು. ಒಂದು ಪೆನ್ಸಿಲನ್ನು ಮೂಗಿನ ನೇರಕ್ಕೆ, ಒಂದು ಮೊಳ ದೂರದಲ್ಲಿ ನಿಲ್ಲಿಸಿ ಹಿಡಿದು, ದೂರದ ಗೋಡೆಯ ಮೇಲಿನ ಕ್ಯಾಲೆಂಡರನ್ನು ನೋಡಿ. ಒಂದು ಕಣ್ಣನ್ನು ಮುಚ್ಚಿದರೆ ಒಂದೆರಡು ಅಂಕಿಗಳು ಮರೆಯಾಗುತ್ತವೆ. ಎರಡೂ ಕಣ್ಣುಗಳನ್ನು ತೆರೆದರೆ ಒಂದು ಕಣ್ಣಿಗೆ ಕಾಣದ್ದನ್ನು ಇನ್ನೊಂದು ಕಣ್ಣು ಕಾಣುತ್ತದೆ. ಪೆನ್ಸಿಲ್ಲು ಮಸುಕಾದ ನೆರಳಿನಂತೆ ತೋರಿ, ಅಂಕಿಗಳೆಲ್ಲ ಓದಲು ಬರುತ್ತವೆ. ಹೇಲೊದ ಕಂಬವನ್ನು ಕಿರಿದಾಗಿ ಮಾಡಿದ್ದುದು ಈ ಕಾರಣದಿಂದಲೇ.

ಆಕ್ಷೇಪಗಳಿಗೆ ಉತ್ತರ ಬರಲು ಹೆಚ್ಚು ದಿನ ಬೇಕಾಗಲಿಲ್ಲ. 2018ರ ಮೇ 13ರಂದು, ಹಿಂದಿನ ವರ್ಷ ಮೈನಿ ಮತ್ತು ಫುಕುಝುಮಿ ಗೆದ್ದಿದ್ದ ಅದೇ ಬಾರ್ಸಿಲೋನಾ ಹಾದಿಯಲ್ಲಿ, ಫಾರ್ಮುಲಾ 2 ಪಂದ್ಯ ನಡೆದಿತ್ತು. ಒಂದು ತಿರುವಿನಲ್ಲಿ ಫುಕುಝುಮಿಯವರ ಕಾರು ಅವರದೇ ದೇಶದ ತಾದಾಸುಕೆ ಮಕಿನೊ ಅವರ ಕಾರಿಗೆ ತಗುಲಿ ಮೇಲೆದ್ದು ಅದರ ಮೇಲೆಯೇ ಬಿದ್ದಿತು. ಹಿಂಗಾಲಿ ಬಿದ್ದುದು ಮಕಿನೊ ಅವರ ತಲೆಯ ನೇರಕ್ಕೆ. ಆದರೆ ಅಲ್ಲಿ ಹೇಲೊ ಇದ್ದಿತು. ಅದರ ಮೇಲೆ ಟೈರಿನ ಕಪ್ಪು ಗುರುತು ಮೂಡಿತು. ಮಕಿನೊ ಅವರು ಗಾಯವಿಲ್ಲದೆ ಇಳಿದು ನಡೆದರು. ನಾಲ್ಕು ತಿಂಗಳು ತುಂಬುವ ಮೊದಲೇ ಇಟಲಿಯ ಮೊಂಜಾದಲ್ಲಿ ಅವರು ಪಂದ್ಯವೊಂದನ್ನು ಗೆದ್ದರು.

1955ರ ಘಟನೆಯನ್ನೂ 2018ರ ಘಟನೆಯನ್ನೂ ಒಂದರ ಪಕ್ಕದಲ್ಲೊಂದಿಟ್ಟು ನೋಡಿ. ಎರಡರಲ್ಲಿಯೂ ಕಾರಿಗೆ ಕಾರು ತಗುಲಿತು, ಎರಡರಲ್ಲಿಯೂ ಒಂದು ಕಾರು ಗಾಳಿಗೆ ಎದ್ದಿತು. ಗಾಲಿಯ ನಿಯಮ ಬದಲಾಗಿರಲಿಲ್ಲ; ಅದು ಬದಲಾಗುವಂಥದೂ ಅಲ್ಲ. ಬದಲಾಗಿದ್ದುದು ಆ ಪೆಟ್ಟು ಎಲ್ಲಿ ಇಳಿಯಬೇಕೆಂಬುದನ್ನು ಯಂತ್ರಶಿಲ್ಪಿಗಳು ಮುಂಚಿತವಾಗಿಯೇ ಲೆಕ್ಕಹಾಕಿ ಇಟ್ಟಿದ್ದ ಬಗೆ. 2020ರ ನವೆಂಬರ್ 29ರಂದು ಬಹರೇನಿನಲ್ಲಿ ರೊಮ್ಯಾನ್ ಗ್ರೋಜಾನ್ ಅವರ ಕಾರು ಉಕ್ಕಿನ ತಡೆಬೇಲಿಯನ್ನು ಸೀಳಿ ಹೊತ್ತಿ ಉರಿದಾಗ, ಅವರ ತಲೆಯ ಮುಂದೆ ಬೇಲಿಯ ಪಟ್ಟಿಗಳನ್ನು ಸರಿಸಿ ಹಾದಿ ಮಾಡಿದ್ದು ಈ ಪ್ರಭಾವಳಿಯೇ. ಮೊದಲು ಅದನ್ನು ವಿರೋಧಿಸಿದವರಲ್ಲಿ ಅವರೂ ಒಬ್ಬರು. ಅಂದಿನಿಂದ ಅದನ್ನು ಹೊಗಳುವವರಾದರು. ವುಕೊವಿಚ್ ಮಡಿದ ಇಂಡಿಯನಾಪೊಲಿಸ್‌ನ ಕಾರುಗಳಿಗೂ 2020ರಿಂದ ಟೈಟಾನಿಯಂ ಚೌಕಟ್ಟೂ ಅದರೊಡನೆ ಪಾರದರ್ಶಕ ಪರದೆಯೂ ಬಂದಿವೆ.

ಮೈನಿಯವರು ಮುಂದೆ ಮುಚ್ಚಿದ ಗಾಲಿಯ ಕಾರುಗಳತ್ತ ತಿರುಗಿ, 2021ರಲ್ಲಿ ಜರ್ಮನಿಯ ಹೆಸರಾಂತ ಡಿಟಿಎಂ ಪಂದ್ಯಮಾಲೆಯನ್ನು ಸೇರಿದರು. ಅಲ್ಲಿ ಓಡಿದ ಮೊದಲ ಭಾರತೀಯರು ಅವರೇ. ತೆರೆದ ಗಾಲಿಯ ಹಾದಿಯನ್ನು ಅವರ ತಮ್ಮ ಕುಶ್ ಮೈನಿ ಹಿಡಿದರು. 2000ದಲ್ಲಿ ಜನಿಸಿದ ಇವರು 2024ರಲ್ಲಿ ಬುಡಾಪೆಸ್ಟಿನ ಫಾರ್ಮುಲಾ 2 ಪಂದ್ಯವೊಂದರಲ್ಲಿಯೂ, 2025ರ ಮೇ ತಿಂಗಳಲ್ಲಿ ಮೊನಾಕೊದ ಇಕ್ಕಟ್ಟಾದ ಬೀದಿಗಳ ಪಂದ್ಯದಲ್ಲಿಯೂ ವಿಜಯಿಗಳಾದರು. 2025ರ ಋತು ಮುಗಿಯುವವರೆಗೆ ಫಾರ್ಮುಲಾ ಒನ್ ಪಂದ್ಯದಲ್ಲಿ ಓಡಿದ ಭಾರತೀಯರು ನರೈನ್ ಕಾರ್ತಿಕೇಯನ್ ಮತ್ತು ಕರುಣ್ ಚಂದೋಕ್ ಇಬ್ಬರೇ. ಕರ್ನಾಟಕದವರು ಯಾರೂ ಇರಲಿಲ್ಲ. 3 ಅಂಕಗಳಿಂದ ಕೈತಪ್ಪಿದ್ದನ್ನು ಮುಂದಿನ ವರ್ಷ ಮತ್ತೆ ಅರಸಬಹುದು, ಅಣ್ಣನಿಗೆ ದೊರೆಯದ್ದನ್ನು ತಮ್ಮನು ಅರಸಬಹುದು. ಹಾಗೆ ಅರಸಲು ಮನುಷ್ಯನು ಉಳಿದಿರಬೇಕು. ಆ ಏಳು ಕಿಲೋಗ್ರಾಂ ಲೋಹ ಮಾಡುವ ಕೆಲಸ ಅದೇ.