ರೆಡ್‌ಕ್ರಾಸ್ ಲಾಂಛನ: ಔಷಧಿಯ ಗುರುತಲ್ಲ, ರಕ್ಷಣೆಯ ಗುರುತು

ಔಷಧಿ ಅಂಗಡಿಯ ನಾಮಫಲಕ, ಪ್ರಥಮ ಚಿಕಿತ್ಸಾ ಪೆಟ್ಟಿಗೆ, ಬ್ಯಾಂಡೇಜಿನ ಪೊಟ್ಟಣ, ವೈದ್ಯರ ಕಾರಿನ ಗಾಜು ಮುಂತಾದವುಗಳ ಮೇಲೆ ಬಿಳಿಯ ಹಿನ್ನೆಲೆಯಲ್ಲಿ ಕೆಂಪು ಶಿಲುಬೆಯನ್ನು ಕಾಣುವುದು ಸಾಮಾನ್ಯವಾಗಿರುವುದರಿಂದ, ಅದು ವೈದ್ಯವೃತ್ತಿಯ ಸಾರ್ವತ್ರಿಕ ಚಿಹ್ನೆಯೆಂದೇ ಅನೇಕ ವರ್ತಕರು ಭಾವಿಸಿದ್ದಾರೆ. ವಾಸ್ತವವಾಗಿ ಅದು ಯಾವ ವೃತ್ತಿಯ ಚಿಹ್ನೆಯೂ ಅಲ್ಲ. 'ಇಲ್ಲಿರುವವರು ಗಾಯಾಳುಗಳು ಮತ್ತು ಅವರ ಶುಶ್ರೂಷಕರು. ಇವರ ಮೇಲೆ ಆಯುಧವೆತ್ತಕೂಡದು' ಎಂದು ಯುದ್ಧಭೂಮಿಯಲ್ಲಿ ಸಾರುವುದೇ ಅದರ ಅರ್ಥ.

ಈ ಲಾಂಛನದ ಮೂಲದಲ್ಲಿರುವವರು ಒಬ್ಬ ವ್ಯಾಪಾರಿಯೆಂಬುದು ವರ್ತಕರಿಗೆ ಆಸಕ್ತಿಯ ಸಂಗತಿ. ಜಿನೀವಾದ ಹೆನ್ರಿ ಡ್ಯುನಾಂಟ್ ಅಲ್ಜೀರಿಯಾದಲ್ಲಿ ಹಿಟ್ಟಿನ ಗಿರಣಿಯ ಉದ್ಯಮ ಹೂಡಿದ್ದರು. ಅದರ ತೊಡಕುಗಳನ್ನು ಫ್ರಾನ್ಸಿನ ಚಕ್ರವರ್ತಿ ಮೂರನೆಯ ನೆಪೋಲಿಯನ್‌ಗೆ ಅರಿಕೆ ಮಾಡಿಕೊಳ್ಳಲೆಂದು 1859ರಲ್ಲಿ ಉತ್ತರ ಇಟಲಿಗೆ ಹೋದಾಗ, ಜೂನ್ 24ರ ಸಾಲ್ಫರಿನೊ ಕದನದ ಗಾಯಾಳುಗಳು ಆರೈಕೆಯಿಲ್ಲದೆ ಸಾಯುತ್ತಿದ್ದುದನ್ನು ಕಂಡರು. ಊರಿನ ಮಹಿಳೆಯರನ್ನು ಕೂಡಿಕೊಂಡು, ಯಾವ ಪಕ್ಷದವರೆಂದು ನೋಡದೆ ಉಪಚರಿಸಿದರು. 1862ರಲ್ಲಿ ಅವರು ಪ್ರಕಟಿಸಿದ ಪುಸ್ತಕವು 1863ರ ಜಿನೀವಾ ಸಮಿತಿಗೂ 1864ರ ಆಗಸ್ಟ್ 22ರ ಮೊದಲ ಜಿನೀವಾ ಒಪ್ಪಂದಕ್ಕೂ ಪ್ರೇರಣೆಯಾಯಿತು. ಇತ್ತ ಅವರ ಸ್ವಂತ ವ್ಯವಹಾರ 1867ರಲ್ಲಿ ದಿವಾಳಿಯಾಯಿತು. 1901ರಲ್ಲಿ ಮೊತ್ತಮೊದಲ ನೊಬೆಲ್ ಶಾಂತಿ ಪಾರಿತೋಷಕದಲ್ಲಿ ಅವರು ಪಾಲುದಾರರಾದರು.

ಸ್ವಿಟ್ಜರ್ಲೆಂಡಿನ ಧ್ವಜದ ಬಣ್ಣಗಳನ್ನು ಅದಲುಬದಲು ಮಾಡಿದರೆ ದೊರೆಯುವ ರೂಪವೇ ಈ ಲಾಂಛನ. ಇದರಲ್ಲಿ ಧಾರ್ಮಿಕ ಉದ್ದೇಶವಿರಲಿಲ್ಲ. ಆದರೂ 1876ರಲ್ಲಿ ಆಟೊಮನ್ ಸಾಮ್ರಾಜ್ಯವು ಇದರ ಬದಲಿಗೆ ಕೆಂಪು ಅರ್ಧಚಂದ್ರವನ್ನು ಬಳಸತೊಡಗಿತು. 1929ರ ಒಪ್ಪಂದವು ಅದನ್ನು ಮಾನ್ಯ ಮಾಡಿತು. ಯಾವ ಧರ್ಮದ ಛಾಯೆಯೂ ಇಲ್ಲದ 'ಕೆಂಪು ಸ್ಫಟಿಕ' 2005ರಲ್ಲಿ ಸೇರ್ಪಡೆಯಾಯಿತು.

ಭಾರತದಲ್ಲಿ ಇದಕ್ಕೆ ಸಂಬಂಧಿಸಿದ ಕಾನೂನು ಜಿನೀವಾ ಒಪ್ಪಂದಗಳ ಅಧಿನಿಯಮ, 1960. ಇದರ 12ನೆಯ ಕಲಮಿನ ಪ್ರಕಾರ ಕೇಂದ್ರ ಸರ್ಕಾರದ ಒಪ್ಪಿಗೆಯಿಲ್ಲದೆ ಯಾವುದೇ ಉದ್ದೇಶಕ್ಕಾಗಿ ಈ ಲಾಂಛನವನ್ನಾಗಲಿ, 'ರೆಡ್‌ಕ್ರಾಸ್' ಎಂಬ ಹೆಸರನ್ನಾಗಲಿ ಬಳಸುವಂತಿಲ್ಲ. ಕೆಂಪು ಅರ್ಧಚಂದ್ರಕ್ಕೂ, ಕೆಂಪು ನೆಲದ ಮೇಲಿನ ಬಿಳಿ ಶಿಲುಬೆಗೂ ಇದೇ ನಿಷೇಧವಿದೆ. ಬಣ್ಣ ತಿರುವುಮುರುವು ಮಾಡಿ ಪಾರಾಗಬಹುದೆಂದು ತಿಳಿಯುವವರು ಇದನ್ನು ಗಮನಿಸತಕ್ಕದ್ದು. ಮೂಲದಂತೆ ತೋರುವ ಹೋಲಿಕೆಯ ವಿನ್ಯಾಸವೂ ನಿಷಿದ್ಧವೇ. 1960ರಲ್ಲಿ ಗೊತ್ತುಪಡಿಸಿದ ದಂಡ ಹೆಚ್ಚೆಂದರೆ 500 ರೂಪಾಯಿ, ಕೇಳಲು ಅಲ್ಪವೇ. ಆದರೆ ಲಾಂಛನ ಹೊತ್ತ ಸರಕನ್ನು ಮುಟ್ಟುಗೋಲು ಹಾಕಿಕೊಳ್ಳಲು 13ನೆಯ ಕಲಂ ಅವಕಾಶ ನೀಡಿದೆ. ತಯಾರಕನಿಗೆ ನಿಜವಾದ ನಷ್ಟ ಇರುವುದು ಅಲ್ಲಿ.

ಈ ಗೊಂದಲಕ್ಕೆ ವರ್ತಕರನ್ನಷ್ಟೇ ದೂರುವುದು ನ್ಯಾಯವಲ್ಲ. 1971ರ ಗುತ್ತಿಗೆ ಕಾರ್ಮಿಕರ ಕೇಂದ್ರೀಯ ನಿಯಮಗಳೇ ಪ್ರಥಮ ಚಿಕಿತ್ಸಾ ಪೆಟ್ಟಿಗೆಯ ಮೇಲೆ ಬಿಳಿ ನೆಲದಲ್ಲಿ ಕೆಂಪು ಶಿಲುಬೆ ಇರಬೇಕೆಂದು ವಿಧಿಸಿದ್ದವು! ಅಮೆರಿಕದಲ್ಲಂತೂ 1887ರಿಂದಲೇ ಈ ಗುರುತನ್ನು ಬಳಸುತ್ತಿದ್ದ ಜಾನ್ಸನ್ ಅಂಡ್ ಜಾನ್ಸನ್ ಕಂಪನಿ 2007ರಲ್ಲಿ ಅಮೆರಿಕನ್ ರೆಡ್‌ಕ್ರಾಸ್ ಸಂಸ್ಥೆಯ ಮೇಲೆಯೇ ದಾವೆ ಹೂಡಿತು. ಮರುವರ್ಷ ನ್ಯಾಯಾಲಯವು ಅದರ ಬಹುಪಾಲು ವಾದಗಳನ್ನು ತಳ್ಳಿಹಾಕಿದ ಬಳಿಕ ಉಭಯತರೂ ರಾಜಿಯಾದರು. ಹಳೆಯ ಬಳಕೆದಾರರಿಗೆ ಅಲ್ಲಿನ ಕಾನೂನು ನೀಡಿದ್ದ ವಿನಾಯಿತಿಯನ್ನು ಇಲ್ಲಿನ ಹೊಸ ಉದ್ದಿಮೆದಾರರು ಆಧಾರವಾಗಿ ತೋರಿಸಲು ಬಾರದು.

ನಿಷೇಧ ಇಷ್ಟು ಬಿಗಿಯಾಗಿರುವುದಕ್ಕೆ ಕಾರಣವುಂಟು. ಯುದ್ಧಕಾಲದಲ್ಲಿ ದೂರದಿಂದ ಕಂಡ ಗುರುತನ್ನು ನಂಬಿ ಸೈನಿಕನು ಗುಂಡು ಹಾರಿಸದೆ ನಿಲ್ಲಬೇಕು. ಪ್ರತಿ ಅಂಗಡಿ, ಪ್ರತಿ ವಾಹನದ ಮೇಲೆ ಅದೇ ಗುರುತಿದ್ದರೆ ಆ ನಂಬಿಕೆ ಉಳಿಯುವುದಿಲ್ಲ. ಅದರ ಬೆಲೆಯನ್ನು ತೆರುವವರು ಆಸ್ಪತ್ರೆಯಲ್ಲಿ ಮಲಗಿರುವ ಗಾಯಾಳುಗಳು.

ಪ್ರಥಮ ಚಿಕಿತ್ಸೆಗೆ ಅಂತರರಾಷ್ಟ್ರೀಯ ಮಾನಕ ಸಂಸ್ಥೆಯು ಹಸಿರು ನೆಲದ ಮೇಲೆ ಬಿಳಿ ಶಿಲುಬೆಯನ್ನು ನಿಗದಿಪಡಿಸಿದೆ. ರಫ್ತಿಗೆ ಹೋಗುವ ಪೆಟ್ಟಿಗೆಗಳಿಗೂ ಇದೇ ಅನುಕೂಲ. ಹೊಸ ಪೊಟ್ಟಣದ ವಿನ್ಯಾಸವು ಮುದ್ರಣಾಲಯಕ್ಕೆ ಹೋಗುವ ಮುನ್ನವೇ ಈ ಬದಲಾವಣೆ ಮಾಡಿಕೊಂಡರೆ ಹೆಚ್ಚಿನ ವೆಚ್ಚ ಬೀಳುವುದಿಲ್ಲ. ಹಳೆಯ ಗುರುತಿನ ಪೊಟ್ಟಣಗಳು ದಾಸ್ತಾನಿನಲ್ಲಿದ್ದರೆ ಮಾರುಕಟ್ಟೆಗೆ ಬಿಡುವ ಮೊದಲು ಚಿಹ್ನೆಯನ್ನು ಮುಚ್ಚುವ ಚೀಟಿ ಅಂಟಿಸುವುದು ಲೇಸು.